ನಂಬರ್ ಯಾರ ಹತ್ರ ಕೇಳೋದ್ರಿ?

ರಾತ್ರಿಯೆಲ್ಲ ಸುರಿದ ಮಳೆ ನಿಂತ ಮೇಲೆ ಹೊಲಕ್ಕೆ ಹೋಗಿ ನೋಡಿದರೆ ತೊಗರಿ ಮೊಣಕಾಲು ಮಟ್ಟದ ನೀರಿನಲ್ಲಿ ನಿಂತಿರುತ್ತದೆ. ಬೆಳೆ ವಿಮೆ ಕಟ್ಟಿದ್ದೀರಿ, ರಸೀದಿಯೂ ಮನೆಯಲ್ಲಿದೆ. ಆದರೆ ಆ ಹೊತ್ತಿನಿಂದಲೇ ಗಡಿಯಾರ ಓಡಲು ಶುರು. ಹಾನಿಯಾದ 72 ತಾಸಿನೊಳಗೆ ತಿಳಿಸಬೇಕು ಎನ್ನುತ್ತದೆ ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆಯ ನಿಯಮ. ಯಾರಿಗೆ ತಿಳಿಸಬೇಕು? ಗ್ರಾಮ ಆಡಳಿತ ಅಧಿಕಾರಿಗೆ ಫೋನ್ ಮಾಡಿದರೆ ಕೃಷಿ ಇಲಾಖೆಗೆ ಕೇಳಿ ಎನ್ನುತ್ತಾರೆ. ಅಲ್ಲಿ ಕೇಳಿದರೆ ವಿಮಾ ಕಂಪನಿಗೆ ಹೇಳಿ ಎನ್ನುತ್ತಾರೆ. ಕಂಪನಿಯ ನಂಬರ್ ರಸೀದಿಯ ಮೂಲೆಯಲ್ಲಿ ಇರುವೆ ಸಾಲಿನಂಥ ಅಕ್ಷರದಲ್ಲಿರುತ್ತದೆ. ಅದನ್ನು ಓದಿಸಿಕೊಂಡು ಹಚ್ಚುವ ಹೊತ್ತಿಗೆ ಮೂರನೇ ದಿನದ ಸೂರ್ಯ ಮುಳುಗಿರುತ್ತಾನೆ.

ಇಲ್ಲಿ ರೈತನ ತಪ್ಪೇನೂ ಇಲ್ಲ. ಕಂತು ಕಟ್ಟಿದ್ದಾನೆ, ಬಿತ್ತಿದ್ದಾನೆ, ಹೊಲಕ್ಕೆ ಹೋಗಿ ನೋಡಿಯೂ ಬಂದಿದ್ದಾನೆ. ಅವನಿಗೆ ಕಡಿಮೆ ಬಿದ್ದದ್ದು ಐದು ಅಂಕಿ ಮಾತ್ರ: 14447. ಬೆಳೆ ವಿಮೆಗೆಂದೇ ಇರುವ ದೇಶದ ಒಂದೇ ಸಹಾಯವಾಣಿ ಅದು.

ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳಲ್ಲಿ ಸುದ್ದಿಗಾಗಿ ತಿರುಗುವ ನಮಗೆ ಬರುವ ಕರೆಗಳಲ್ಲಿ ಸುದ್ದಿ ಕೊಡುವವರಿಗಿಂತ ನಂಬರ್ ಕೇಳುವವರೇ ಹೆಚ್ಚು. "ಟಿಸಿ ಸುಟ್ಟದ, ಲೈನ್‌ಮನ್ ಫೋನ್ ಎತ್ತವಲ್ಲ, ಮ್ಯಾಲಿನವರ ನಂಬರ್ ಕೊಡ್ರಿ." "ಎಮ್ಮಿ ಮಲಗ್ಯಾದ, ಡಾಕ್ಟರ್ ನಂಬರ್ ಅದನ ನಿಮ್ಮ ಹಂತ್ಯಾಕ?" ನಮ್ಮಲ್ಲಿ ಇದ್ದರೆ ಕೊಡುತ್ತೇವೆ. ಆದರೆ ಸರ್ಕಾರದ ನಂಬರಿಗಾಗಿ ಪತ್ರಕರ್ತರನ್ನೋ, ಪಕ್ಷದ ಕಾರ್ಯಕರ್ತರನ್ನೋ ಕೇಳಬೇಕಾದ ಸ್ಥಿತಿ ಇರಬಾರದು ಎಂಬುದು ನಮ್ಮ ಮಾತು. ನಂಬರ್ ಗೊತ್ತಿದ್ದವನ ಬಳಿ ಒಂದು ಸಣ್ಣ ಅಧಿಕಾರ ಸೇರುತ್ತದೆ. ಇಂದು ನಂಬರ್ ಕೊಟ್ಟವನು ನಾಳೆ ಇನ್ನೇನನ್ನೋ ಕೇಳುತ್ತಾನೆ. ಊರಿನಲ್ಲಿ ದಲ್ಲಾಳಿ ಹುಟ್ಟುವುದು ಇಂಥ ಸಣ್ಣ ಜಾಗದಲ್ಲೇ.

ಯಾಕೆ ಸಿಗುವುದಿಲ್ಲ?

ನಂಬರ್ ಕಡಿಮೆ ಇವೆ ಎಂದಲ್ಲ, ಬೇಕಾದಷ್ಟಿವೆ. ಆದರೆ ಅವನ್ನು ಇಲಾಖೆಯ ಲೆಕ್ಕದಲ್ಲಿ ಜೋಡಿಸಿಟ್ಟಿದ್ದಾರೆ. ನಮ್ಮ ಕಷ್ಟ ಇಲಾಖೆಯ ಹೆಸರು ಹೊತ್ತು ಬರುವುದಿಲ್ಲ. ಊರ ಮುಂದಿನ ರಸ್ತೆ ಕಿತ್ತಿದ್ದರೆ ನಮಗೆ ಕಾಣುವುದು ಒಂದೇ ರಸ್ತೆ. ಸರ್ಕಾರಕ್ಕೆ ಅದು ಗ್ರಾಮ ಪಂಚಾಯಿತಿಯದೋ, ಪಂಚಾಯತ್ ರಾಜ್ ಎಂಜಿನಿಯರಿಂಗ್ ವಿಭಾಗದ್ದೋ, ಲೋಕೋಪಯೋಗಿಯದೋ, ರಾಷ್ಟ್ರೀಯ ಹೆದ್ದಾರಿಯದೋ ಎಂಬ ಪ್ರಶ್ನೆ. ಅದನ್ನು ಬಿಡಿಸುವ ಕೆಲಸವನ್ನೂ ಜನರ ತಲೆಗೇ ಕಟ್ಟಿದ್ದಾರೆ.

ಎರಡನೆಯದು, ಹೆಸರುಗಳೇ ಬದಲಾಗಿವೆ. 2014ರ ನವೆಂಬರ್ 1ರಂದು ಗುಲ್ಬರ್ಗ ಕಲಬುರಗಿಯಾಯಿತು. 2019ರಲ್ಲಿ ಹೈದರಾಬಾದ್ ಕರ್ನಾಟಕ ಕಲ್ಯಾಣ ಕರ್ನಾಟಕವಾಯಿತು. ಈಶಾನ್ಯ ಸಾರಿಗೆ ಸಂಸ್ಥೆ ಈಗ ಕಲ್ಯಾಣ ಕರ್ನಾಟಕ ರಸ್ತೆ ಸಾರಿಗೆ ನಿಗಮ. ವಿದ್ಯುತ್ ಕಂಪನಿ ಮಾತ್ರ ಇಂದಿಗೂ ಗುಲ್ಬರ್ಗದ ಹೆಸರಲ್ಲೇ 'ಜೆಸ್ಕಾಂ' ಆಗಿ ಉಳಿದಿದೆ. ಹಳೆಯ ಹೆಸರಿನಲ್ಲಿ ಹುಡುಕಿದರೆ ಹಳೆಯ ನಂಬರೇ ಸಿಗುತ್ತದೆ. 2016ರಲ್ಲಿ ಹುಟ್ಟಿದ ಭ್ರಷ್ಟಾಚಾರ ನಿಗ್ರಹ ದಳವನ್ನು ಹೈಕೋರ್ಟ್ 2022ರ ಆಗಸ್ಟಿನಲ್ಲಿ ರದ್ದು ಮಾಡಿತು, ಆ ಕೆಲಸ ಲೋಕಾಯುಕ್ತಕ್ಕೆ ಮರಳಿತು. ಗೋಡೆಯ ಮೇಲಿನ ಬಣ್ಣಕ್ಕೆ ಹೈಕೋರ್ಟಿನ ಆದೇಶ ತಲುಪುವುದಿಲ್ಲ. ಲಂಚ ಕೇಳಿದರೆ ಕರೆ ಮಾಡಿ ಎಂಬ ಹಳೆಯ ಬೋರ್ಡು ನಂಬಿದವನು ಇಲ್ಲದ ಕಚೇರಿಗೆ ಫೋನ್ ಹಚ್ಚುತ್ತಾನೆ.

ಮೂರನೆಯದು, ತಾಲ್ಲೂಕೇ ಒಡೆದಿದೆ. ನಮ್ಮ ಜಿಲ್ಲೆಯಲ್ಲಿ ಈಗ 11 ತಾಲ್ಲೂಕುಗಳಿವೆ. ಜೇವರ್ಗಿಯಿಂದ ಯಡ್ರಾಮಿ ಬೇರೆಯಾಯಿತು. ಯಡ್ರಾಮಿ ಭಾಗದ ಹಳ್ಳಿಯವರು ಯಾವ ಕೆಲಸಕ್ಕೆ ಯಡ್ರಾಮಿಗೆ, ಯಾವುದಕ್ಕೆ ಇನ್ನೂ ಜೇವರ್ಗಿಗೆ ಫೋನ್ ಮಾಡಬೇಕು ಎಂಬುದನ್ನು ಹೇಳುವ ಒಂದು ಹಾಳೆ ಅವರ ಕೈಯಲ್ಲಿಲ್ಲ.

ನಾಲ್ಕನೆಯದು ಎಸ್‌ಟಿಡಿ ಕೋಡ್. ಕಲಬುರಗಿಗೆ 08472, ಆಳಂದಕ್ಕೆ 08477, ಅಫಜಲಪುರಕ್ಕೆ 08470, ಜೇವರ್ಗಿಗೆ 08442. ಕಚೇರಿಯ ಬೋರ್ಡಿನಲ್ಲಿ ಆರು ಅಂಕಿಯಷ್ಟೇ ಬರೆದಿರುತ್ತಾರೆ. ಮೊಬೈಲಿನಿಂದ ಅಷ್ಟನ್ನೇ ಒತ್ತಿದರೆ ನಂಬರ್ ಅಸ್ತಿತ್ವದಲ್ಲಿಲ್ಲ ಎಂಬ ಉತ್ತರ ಬರುತ್ತದೆ. ಜನ ಆಫೀಸು ಸತ್ತಿದೆ ಅಂದುಕೊಂಡು ಸುಮ್ಮನಾಗುತ್ತಾರೆ. ಸತ್ತಿರುವುದು ಆಫೀಸಲ್ಲ, ಬೋರ್ಡ್ ಬರೆದವರ ಕಾಳಜಿ.

ಜೀವದ ವಿಷಯಕ್ಕೆ ಎರಡೇ

ಮನೆಯ ಗೋಡೆಯ ಮೇಲೆ ಇದ್ದಿಲಿನಲ್ಲಾದರೂ ಎರಡು ನಂಬರ್ ಬರೆದಿಡಿ. 112 ಮತ್ತು 108.

ಪೊಲೀಸ್, ಬೆಂಕಿ, ಹೊಡೆದಾಟ, ದರೋಡೆ ಏನೇ ಇದ್ದರೂ 112. ಹಳೆಯ 100 ಮತ್ತು 101ರ ಕೆಲಸವನ್ನು ಈಗ ಇದೇ ಮಾಡುತ್ತದೆ. ಹೆರಿಗೆ, ಅಪಘಾತ, ಎದೆನೋವು, ಹಾವು ಕಡಿತಕ್ಕೆ 108 ಆಂಬುಲೆನ್ಸ್. ಆರೋಗ್ಯ ಕವಚ ಎಂಬ ಹೆಸರಿನಲ್ಲಿ 2008ರ ನವೆಂಬರ್‌ನಿಂದ ರಾಜ್ಯದಲ್ಲಿ ಓಡುತ್ತಿದೆ, ಪುಕ್ಕಟೆ. ಹಾವು ಕಡಿತವನ್ನು ರಾಜ್ಯ ಸರ್ಕಾರ 2024ರಲ್ಲಿ ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣಗಳ ಪಟ್ಟಿಗೆ ಸೇರಿಸಿದೆ. ಮಂತ್ರ ಹಾಕಿಸಲು ಹೋಗುವ ಅರ್ಧ ತಾಸಿನಲ್ಲಿ ಆಂಬುಲೆನ್ಸ್ ಅರ್ಧ ದಾರಿ ಬಂದಿರುತ್ತದೆ. ಜೀವಕ್ಕೆ ಅಪಾಯವಿಲ್ಲ, ಔಷಧಿ ಅಥವಾ ಆರೋಗ್ಯದ ಬಗ್ಗೆ ಸಲಹೆ ಬೇಕು ಎಂದರೆ 104.

ಫೋನ್ ಎತ್ತಿದವರು ನಮ್ಮ ಊರಿನವರಲ್ಲ ಎಂಬುದು ನೆನಪಿರಲಿ. ಎಲ್ಲೋ ದೂರದ ಕೇಂದ್ರದಲ್ಲಿ ಕುಳಿತಿರುತ್ತಾರೆ. "ನಮ್ಮ ಊರಿಗೆ ಬರ್ರಿ ಲಗೂ" ಎಂದು ಕೂಗಿದರೆ ಅವರಿಗೆ ತಿಳಿಯುವುದಿಲ್ಲ. ಜಿಲ್ಲೆ, ತಾಲ್ಲೂಕು, ಊರು, ಗುರುತು ಈ ಕ್ರಮದಲ್ಲಿ ಹೇಳಿ. "ಕಲಬುರಗಿ ಜಿಲ್ಲೆ, ಆಳಂದ ತಾಲ್ಲೂಕು, ಇಂಥ ಊರು, ಹನುಮಾನ ಗುಡಿ ಹಿಂದೆ." ಒಂದೇ ಹೆಸರಿನ ಊರುಗಳು ನಮ್ಮ ಕಡೆ ಬೇಕಾದಷ್ಟಿವೆ. ಆಳಂದ ಮತ್ತು ಅಫಜಲಪುರದ ಗಡಿ ಹಳ್ಳಿಗಳಲ್ಲಿ ಮಹಾರಾಷ್ಟ್ರದ ಟವರ್ ಹಿಡಿದಿದ್ದರೆ ಕರೆ ಆ ಕಡೆಯ ಕೇಂದ್ರಕ್ಕೆ ಹೋಗಬಹುದು. ಮರಾಠಿಯಲ್ಲಿ ಉತ್ತರ ಬಂದರೆ ಗಾಬರಿ ಬೇಡ, ಮೊದಲು 'ಕರ್ನಾಟಕ, ಕಲಬುರಗಿ ಜಿಲ್ಲೆ' ಎಂದು ಹೇಳಿ.

ಇನ್ನೊಂದು ಮಾತು ದುಡಿಯಲು ಪುಣೆ, ಮುಂಬೈ, ಹೈದರಾಬಾದಿಗೆ ಹೋದ ಮಕ್ಕಳಿಗೆ. ಊರಲ್ಲಿ ತಾಯಿಗೆ ಎದೆ ಹಿಡಿದಿದೆ ಎಂದು ಫೋನ್ ಬಂದಾಗ ನೀವು ಪುಣೆಯಲ್ಲಿ ನಿಂತು 108 ಒತ್ತಿದರೆ ಅದು ಮಹಾರಾಷ್ಟ್ರದ ಆಂಬುಲೆನ್ಸಿಗೇ ಹೋಗುತ್ತದೆ. ಊರಿನ ಪಕ್ಕದ ಮನೆಯವರಿಂದಲೇ ಕರೆ ಮಾಡಿಸಬೇಕು. ಆಶಾ ಕಾರ್ಯಕರ್ತೆ ಮತ್ತು ಇಬ್ಬರು ನೆರೆಯವರ ನಂಬರ್ ನಿಮ್ಮ ಫೋನಿನಲ್ಲಿ ಇರಲೇಬೇಕು. ಅವು ಸರ್ಕಾರದ ಯಾವ ಸಹಾಯವಾಣಿಗಿಂತಲೂ ಹತ್ತಿರದವು.

ಭೀಮೆಯ ದಂಡೆಯವರಿಗೆ ಮೂರನೆಯ ನಂಬರೂ ಬೇಕು. 2020ರ ಅಕ್ಟೋಬರಿನಲ್ಲಿ ಮಹಾರಾಷ್ಟ್ರದ ಉಜನಿ, ವೀರ್ ಜಲಾಶಯಗಳಿಂದ ಬಿಟ್ಟ ನೀರು ಬಂದಾಗ ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಹಳ್ಳಿಗಳು ಕಂಡ ಪಾಡು ಯಾರೂ ಮರೆತಿಲ್ಲ. 2025ರ ಸೆಪ್ಟೆಂಬರಿನಲ್ಲಿ ಹೊಳೆ ಮತ್ತೆ ಊರಿಗೆ ಬಂತು. ಜಿಲ್ಲೆಯ ವಿಪತ್ತು ನಿಯಂತ್ರಣ ಕೊಠಡಿಯ ನಂಬರ್ 1077. ನೇರವಾಗಿ ಹತ್ತದಿದ್ದರೆ ಮುಂದೆ ಕಲಬುರಗಿಯ ಕೋಡ್ ಸೇರಿಸಿ, 08472-1077 ಒತ್ತಿ ನೋಡಿ. ನೀರು ಹೊಸ್ತಿಲಿಗೆ ಬಂದ ಮೇಲೆ ಹುಡುಕುವುದಲ್ಲ, ಮುಂಗಾರು ಶುರುವಾಗುವ ಮೊದಲೇ ಒಮ್ಮೆ ಹಚ್ಚಿ ಯಾರು ಎತ್ತುತ್ತಾರೆ ನೋಡಿಕೊಳ್ಳಿ.

ಕರೆಂಟು, ರೇಷನ್, ಹೊಲ, ದನ

ಕರೆಂಟಿಗೆ 1912. ಟಿಸಿ ಸುಟ್ಟರೂ, ತಂತಿ ಹರಿದು ಬಿದ್ದರೂ, ಬಿಲ್ಲು ತಪ್ಪಾದರೂ ಇದೇ. ಲೈನ್‌ಮನ್‌ಗೆ ಹೇಳಿದ್ದೇನಲ್ಲ ಎಂದು ಸುಮ್ಮನಾಗಬೇಡಿ. ಲೈನ್‌ಮನ್‌ಗೆ ಹೇಳಿದ ಮಾತು ಗಾಳಿಗೆ ಹೋಗುತ್ತದೆ, 1912ಕ್ಕೆ ಹೇಳಿದ ಮಾತಿಗೆ ದೂರಿನ ಸಂಖ್ಯೆ ಸಿಗುತ್ತದೆ. ಕರೆ ಮಾಡುವಾಗ ಬಿಲ್ಲಿನ ಮೇಲಿರುವ ಆರ್‌ಆರ್ ನಂಬರ್ ಕೈಯಲ್ಲಿರಲಿ. ತಂತಿ ದಾರಿಯಲ್ಲಿ ಬಿದ್ದಿದ್ದರೆ 112ಕ್ಕೂ ಹೇಳಿ.

ರೇಷನ್ ಅಂಗಡಿಯವರು ತೂಕದಲ್ಲಿ ಹೊಡೆದರೆ, ರೊಕ್ಕ ಕೇಳಿದರೆ, ಬೆರಳಚ್ಚು ಹಾಕಿಸಿಕೊಂಡು ಅಕ್ಕಿ ಆಮೇಲೆ ಬಾ ಎಂದರೆ 1967. ಆಹಾರ ಇಲಾಖೆಯ 1800-425-9339 ಕೂಡ ಇದೆ. ಕಾರ್ಡಿನ ಸಂಖ್ಯೆ ಮತ್ತು ಅಂಗಡಿಯ ಸಂಖ್ಯೆ ಕೇಳುತ್ತಾರೆ.

ಬೇಸಾಯದ ಸಲಹೆಗೆ ಕಿಸಾನ್ ಕಾಲ್ ಸೆಂಟರ್, 1800-180-1551. 2004ರಿಂದ ಇದೆ, ಬೆಳಿಗ್ಗೆ 6ರಿಂದ ರಾತ್ರಿ 10ರವರೆಗೆ ಕನ್ನಡದಲ್ಲೂ ಉತ್ತರ ಸಿಗುತ್ತದೆ. ತೊಗರಿಗೆ ಗೊಡ್ಡು ರೋಗ ಬಂತು, ಕಾಯಿಕೊರಕ ಹತ್ತಿತು ಎಂದರೆ ಗೊಬ್ಬರದ ಅಂಗಡಿಯವರನ್ನು ಕೇಳುವ ಮೊದಲು ಇಲ್ಲಿ ಕೇಳಿ. ಅಂಗಡಿಯವರು ತಮ್ಮ ಬಳಿ ಇರುವ ಡಬ್ಬಿಯನ್ನೇ ಮದ್ದು ಎನ್ನುತ್ತಾರೆ. ಪಿಎಂ ಕಿಸಾನ್ ಕಂತು ಬರದಿದ್ದರೆ 155261. ಬೆಳೆ ವಿಮೆಗೆ ಮೇಲೆ ಹೇಳಿದ 14447. ಕರೆ ಮಾಡಿದ ಮೇಲೂ ಹೋಬಳಿಯ ರೈತ ಸಂಪರ್ಕ ಕೇಂದ್ರಕ್ಕೆ ಬರಹದಲ್ಲಿ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ಹೊಲದ ಫೋಟೊವನ್ನು ಅದೇ ದಿನ ತೆಗೆಯಿರಿ.

ದನಕ್ಕೆ 1962. ಪಶುಪಾಲನಾ ಇಲಾಖೆಯ ಸಂಚಾರಿ ಚಿಕಿತ್ಸಾ ವಾಹನ ಈ ನಂಬರಿಗೆ ಬರುತ್ತದೆ. ಮಲಗಿದ ಎಮ್ಮೆಯನ್ನು ಟ್ರ್ಯಾಕ್ಟರಿಗೆ ಎತ್ತಿ ಹಾಕಿ ತಾಲ್ಲೂಕಿಗೆ ಒಯ್ಯುವ ಮೊದಲು ಒಮ್ಮೆ ಕೇಳಿ ನೋಡಿ.

ಕುಡಿಯುವ ನೀರು, ಚರಂಡಿ, ಬೀದಿ ದೀಪ, ಉದ್ಯೋಗ ಖಾತ್ರಿ, ಅಂದರೆ ಪಂಚಾಯಿತಿಯ ಕೆಲಸಗಳಿಗೆ ಗ್ರಾಮೀಣಾಭಿವೃದ್ಧಿ ಇಲಾಖೆಯ ಏಕೀಕೃತ ಸಹಾಯವಾಣಿ 8277506000. ಜೇವರ್ಗಿ ಮೇಲೆ ಹಾದುಹೋಗುವ 50ನೇ ರಾಷ್ಟ್ರೀಯ ಹೆದ್ದಾರಿಯಲ್ಲಿ ಅಪಘಾತವೋ, ಲಾರಿ ಅಡ್ಡಬಿದ್ದಿದೆಯೋ ಎಂದಾಗ ಹೆದ್ದಾರಿ ಪ್ರಾಧಿಕಾರದ 1033.

ಹೆಣ್ಣುಮಕ್ಕಳಿಗೆ ಮನೆಯಲ್ಲಿ, ಹೊರಗೆ ಕಿರುಕುಳವಾದರೆ 181. ಬಾಲ್ಯವಿವಾಹ, ಮಕ್ಕಳ ದುಡಿಮೆ ಕಂಡರೆ 1098. ಕರೆ ಮಾಡಿದವರ ಹೆಸರನ್ನು ಗುಟ್ಟಾಗಿ ಇಡುತ್ತಾರೆ, ಊರಲ್ಲಿ ವೈರ ಕಟ್ಟಿಕೊಳ್ಳುವ ಅಂಜಿಕೆ ಬೇಡ. ವಯಸ್ಸಾದವರನ್ನು ಮಕ್ಕಳು ಹೊರಹಾಕಿದ್ದರೆ 14567. ವಕೀಲರಿಗೆ ಕೊಡಲು ರೊಕ್ಕವಿಲ್ಲದವರಿಗೆ ಉಚಿತ ಕಾನೂನು ನೆರವು 15100. ಸಾಲ, ಬೆಳೆ, ಮನೆ ಯಾವುದರ ಚಿಂತೆಯಿಂದಲೋ ಮನಸ್ಸು ಕುಸಿದು ಕೆಟ್ಟ ಯೋಚನೆ ಬರುತ್ತಿದ್ದರೆ 14416, ಟೆಲಿ ಮಾನಸ್. ಹಗಲೂ ರಾತ್ರಿಯೂ ಮಾತಾಡುವವರು ಇರುತ್ತಾರೆ. ಈ ಕೊನೆಯ ನಂಬರನ್ನು ನಮ್ಮ ತೊಗರಿ ನಾಡಿನ ಪ್ರತಿ ಗೊಬ್ಬರದ ಅಂಗಡಿಯ ಮುಂದೆ, ಕ್ರಿಮಿನಾಶಕ ಇಡುವ ಕಪಾಟಿನ ಪಕ್ಕದಲ್ಲೇ ಅಂಟಿಸಬೇಕು ಎಂಬುದು ನಮ್ಮ ಒತ್ತಾಯ.

ಗೂಗಲ್ ತೋರಿಸಿದ್ದೆಲ್ಲ ಸರ್ಕಾರವಲ್ಲ

ಈಗಿನ ಹುಡುಗರು ನಂಬರ್ ಬೇಕೆಂದರೆ ಗೂಗಲ್ ತೆಗೆಯುತ್ತಾರೆ. ಅಲ್ಲೇ ಕಳ್ಳ ಕುಳಿತಿರುತ್ತಾನೆ. ಗೂಗಲ್ ಮ್ಯಾಪಿನಲ್ಲಿ ಒಂದು ಕಚೇರಿಯ ಫೋನ್ ನಂಬರ್ ತಿದ್ದಲು ಯಾರು ಬೇಕಾದರೂ ಸೂಚನೆ ಕಳಿಸಬಹುದು. ಬ್ಯಾಂಕ್ ಶಾಖೆಗಳ ನಂಬರನ್ನು ಹೀಗೆ ತಿದ್ದಿ ಜನರ ರೊಕ್ಕ ಹೊಡೆದ ದೂರುಗಳು ನೆರೆಯ ಮಹಾರಾಷ್ಟ್ರದಲ್ಲಿ 2018ರಲ್ಲೇ ಬಂದಿದ್ದವು. ನೀವೇ ಕರೆ ಮಾಡಿರುತ್ತೀರಿ, ಹಾಗಾಗಿ ಅನುಮಾನ ಬರುವುದಿಲ್ಲ. ಆ ಕಡೆಯವನು ಕನ್ನಡದಲ್ಲೋ ಹಿಂದಿಯಲ್ಲೋ ನಯವಾಗಿ ಮಾತಾಡುತ್ತಾನೆ. "ನಿಮ್ಮ ಕಂತು ನಿಂತಿದೆ, ಒಂದು ಆ್ಯಪ್ ಹಾಕಿಕೊಳ್ಳಿ, ಬಂದ ಓಟಿಪಿ ಹೇಳಿ" ಎನ್ನುತ್ತಾನೆ. ಹೇಳಿದ ಕ್ಷಣಕ್ಕೆ ಖಾತೆ ಖಾಲಿ.

ಗುರುತಿಸುವುದು ಕಷ್ಟವಲ್ಲ. ಸರ್ಕಾರದ ಸಹಾಯವಾಣಿಗಳು ಬಹುತೇಕ ಮೂರರಿಂದ ಆರು ಅಂಕಿಯವು, ಇಲ್ಲವೇ 1800 ಎಂದು ಶುರುವಾಗುವ ಉಚಿತ ನಂಬರ್‌ಗಳು. ಸಾಮಾನ್ಯ ಮೊಬೈಲ್ ನಂಬರಿನಂತೆ ಇದ್ದರೆ ಅದು ಸರ್ಕಾರದ ವೆಬ್‌ಸೈಟಿನಲ್ಲಿ ಇದೆಯೇ ಎಂದು ನೋಡಿ. ಮೇಲೆ ಹೇಳಿದ ಪಂಚಾಯಿತಿಯ ನಂಬರಿಗೂ ಇದೇ ನಿಯಮ ಅನ್ವಯಿಸಿ, ನಾವು ಬರೆದಿದ್ದೇವೆ ಎಂಬ ಕಾರಣಕ್ಕೆ ನಂಬಬೇಡಿ. ಸರ್ಕಾರದ ವೆಬ್‌ಸೈಟಿನ ವಿಳಾಸದ ಬಾಲ 'ಡಾಟ್ ಗವ್ ಡಾಟ್ ಇನ್' ಅಥವಾ 'ಡಾಟ್ ಎನ್‌ಐಸಿ ಡಾಟ್ ಇನ್' ಎಂದಿರುತ್ತದೆ. ನಮ್ಮ ಜಿಲ್ಲಾಡಳಿತದ್ದು 'ಕಲಬುರಗಿ ಡಾಟ್ ಎನ್‌ಐಸಿ ಡಾಟ್ ಇನ್'. ಬಾಲ ಬೇರೆ ಇದ್ದರೆ ಮುಚ್ಚಿಬಿಡಿ. ಯಾವ ಸಹಾಯವಾಣಿಯೂ ಪಿನ್ ಕೇಳುವುದಿಲ್ಲ, ರೊಕ್ಕ ಪಡೆಯಲು ಕ್ಯೂಆರ್ ಸ್ಕ್ಯಾನ್ ಮಾಡಿ ಎನ್ನುವುದಿಲ್ಲ, ನಿಮ್ಮ ಫೋನಿನ ಪರದೆ ನೋಡುವ ಆ್ಯಪ್ ಹಾಕಿಸುವುದಿಲ್ಲ.

ರೊಕ್ಕ ಹೋಗಿಯೇಬಿಟ್ಟರೆ ನಾಚಿಕೆಯಿಂದ ಮುಚ್ಚಿಡಬೇಡಿ, 1930ಕ್ಕೆ ಹಚ್ಚಿ. ಕಳ್ಳ ಆ ಹಣವನ್ನು ಇನ್ನೊಂದು ಖಾತೆಗೆ ದಾಟಿಸುವ ಮೊದಲು ದೂರು ಬಿದ್ದರೆ ತಡೆಹಿಡಿಯಲು ಸಾಧ್ಯ. ಬ್ಯಾಂಕ್ ಹೆಸರು, ಎಷ್ಟು ಹೋಯಿತು, ಎಷ್ಟು ಹೊತ್ತಿಗೆ, ಮೆಸೇಜಿನಲ್ಲಿರುವ ವ್ಯವಹಾರದ ಸಂಖ್ಯೆ ಇಷ್ಟು ಸಾಕು. ಮನೆಯವರು ಬೈಯುತ್ತಾರೆಂದು ಎರಡು ದಿನ ಕಾದರೆ ಬೈಗುಳ ತಪ್ಪುವುದಿಲ್ಲ, ರೊಕ್ಕವಂತೂ ಬರುವುದಿಲ್ಲ.

ಆಳಂದ ಕಲಿಸಿದ ಪಾಠ

2023ರ ವಿಧಾನಸಭಾ ಚುನಾವಣೆಗೆ ಮೊದಲು ಆಳಂದ ಕ್ಷೇತ್ರದಲ್ಲಿ ನಡೆದದ್ದು ಈಗ ದೇಶಕ್ಕೆಲ್ಲ ಗೊತ್ತು. ಮತದಾರರ ಪಟ್ಟಿಯಿಂದ ಹೆಸರು ತೆಗೆಯಿರಿ ಎಂದು ಆನ್‌ಲೈನಿನಲ್ಲಿ 6,018 ಅರ್ಜಿಗಳು ಬಂದವು. ಮನೆಮನೆಗೆ ಹೋಗಿ ಪರಿಶೀಲಿಸಿದಾಗ ಸರಿಯಿದ್ದದ್ದು 24 ಮಾತ್ರ, ಉಳಿದ 5,994 ತಪ್ಪು. ಆಳಂದ ಪೊಲೀಸ್ ಠಾಣೆಯಲ್ಲಿ ಪ್ರಕರಣ ದಾಖಲಾಯಿತು, ತನಿಖೆ ಸಿಐಡಿಗೆ ಹೋಯಿತು. ಯಾರು ಮಾಡಿದರು, ಯಾರಿಗಾಗಿ ಎಂಬುದನ್ನು ತನಿಖೆ ಮತ್ತು ನ್ಯಾಯಾಲಯ ಹೇಳಲಿ. ನಮಗೆ ಬೇಕಾದ ಮಾತು ಬೇರೆ. ತಮ್ಮ ಹೆಸರು ತೆಗೆಯಲು ಅರ್ಜಿ ಬಿದ್ದಿದೆ ಎಂಬುದು ಆ ಮತದಾರರಿಗೇ ಗೊತ್ತಿರಲಿಲ್ಲ. ಪಟ್ಟಿಯಲ್ಲಿ ಹೆಸರು ಇದೆಯೇ ಎಂದು ನೋಡಲು, ತಪ್ಪಿದ್ದರೆ ಹೇಳಲು 1950 ಇದೆ. ಜಿಲ್ಲೆಯ ಕೇಂದ್ರವೇ ಬೇಕೆಂದರೆ ಇದಕ್ಕೂ ಮುಂದೆ 08472 ಸೇರಿಸಬಹುದು. ಮತಗಟ್ಟೆ ಅಧಿಕಾರಿ ಯಾರು ಎಂಬುದನ್ನು ಚುನಾವಣೆ ಬಂದಾಗಲ್ಲ, ಚುನಾವಣೆ ಇಲ್ಲದಾಗಲೇ ತಿಳಿದಿಟ್ಟುಕೊಳ್ಳಿ.

ಜೊತೆಗೆ ನಿಮ್ಮ ಸ್ವಂತ ನಂಬರಿನ ಲೆಕ್ಕವನ್ನೂ ಇಡಿ. ಪಹಣಿ, ಪಿಂಚಣಿ, ಬ್ಯಾಂಕ್, ಆಧಾರ್ ಎಲ್ಲದರ ಓಟಿಪಿ ಬರುವುದು ಒಂದು ಮೊಬೈಲಿಗೆ. ಎಷ್ಟೋ ಮನೆಗಳಲ್ಲಿ ಅಜ್ಜಿಯ ಆಧಾರಿಗೆ ಜೋಡಿಸಿದ ನಂಬರ್ ಯಾವುದೋ ಕಂಪ್ಯೂಟರ್ ಅಂಗಡಿಯವನದೋ, ಎಂದೋ ಎಸೆದ ಸಿಮ್ಮಿನದೋ ಆಗಿರುತ್ತದೆ. ಆಧಾರ್ ಸಹಾಯವಾಣಿ 1947, ಸ್ವಾತಂತ್ರ್ಯ ಬಂದ ವರ್ಷ. ಮರೆಯಲು ಸಾಧ್ಯವೇ ಇಲ್ಲ. ಕನ್ನಡದಲ್ಲೇ ಮಾತಾಡುತ್ತಾರೆ.

ಫೋನ್ ಎತ್ತಿದರೆ ಕೆಲಸ ಆಯಿತೇ?

ಇಲ್ಲ. ನಂಬರ್ ಸಿಕ್ಕಿತು, ಹತ್ತಿತು, ಮಾತಾಡಿದರು ಎಂಬಲ್ಲಿಗೆ ಅರ್ಧ ದಾರಿ ಮಾತ್ರ. ಕರೆ ಮುಗಿಸುವ ಮೊದಲು ಒಂದು ಮಾತು ಕೇಳಿ: "ದೂರಿನ ಸಂಖ್ಯೆ ಹೇಳ್ರಿ, ಬರಕೊಳ್ತೀನಿ." ತಾರೀಖು, ಹೊತ್ತು, ಸಂಖ್ಯೆ ಮೂರನ್ನೂ ಬರೆದಿಡಿ. ಎರಡನೇ ಸಲ ಕರೆ ಮಾಡಿದಾಗ ಕಥೆ ಮೊದಲಿನಿಂದ ಹೇಳಬೇಕಿಲ್ಲ, ಸಂಖ್ಯೆ ಹೇಳಿದರೆ ಸಾಕು. ಮೇಲಿನವರಿಗೆ ದೂರಬೇಕಾದರೂ ಅದೇ ಸಾಕ್ಷಿ.

ಜಾತಿ, ಆದಾಯ ಪ್ರಮಾಣಪತ್ರದಂಥ ಸೇವೆಗೆ ಅರ್ಜಿ ಹಾಕಿದ್ದರೆ ಸಕಾಲ ಕಾಯ್ದೆಯಡಿ 15 ಅಂಕಿಯ ಜಿಎಸ್‌ಸಿ ಸಂಖ್ಯೆ ಕೊಡಲೇಬೇಕು. ಆ ಚೀಟಿ ಕೇಳದೆ ಕಿಟಕಿ ಬಿಟ್ಟು ಬರಬೇಡಿ. ದಿನ ಮೀರಿದರೆ ಸಕಾಲದ ನಂಬರ್ 080-44554455. ಯಾವ ಇಲಾಖೆ ಎಂದೇ ತಿಳಿಯದಿದ್ದರೆ, ಅಥವಾ ಇಲಾಖೆಯವರು ಕೇಳದಿದ್ದರೆ, ರಾಜ್ಯ ಸರ್ಕಾರದ ಕುಂದುಕೊರತೆ ಸಹಾಯವಾಣಿ 1902. ಒಂದೇ ನಂಬರ್ ನೆನಪಿಡಬಲ್ಲೆ ಎನ್ನುವವರಿಗೆ 112ರ ನಂತರ ನಾವು ಹೇಳುವುದು ಇದನ್ನೇ. ದೂರನ್ನು ಯಾವ ಇಲಾಖೆಗೆ ಕಳಿಸಬೇಕೆಂದು ಹುಡುಕುವ ಕೆಲಸ ಆಗ ಅವರದು, ನಿಮ್ಮದಲ್ಲ.

ಅಧಿಕಾರಿಗಳ ಮಾತನ್ನೂ ಕೇಳೋಣ

ನಂಬರ್ ಗೋಡೆಗೆ ಬರೆಸಿ ಎಂದಾಗ ಅಧಿಕಾರಿಗಳು ಹೇಳುವ ಉತ್ತರ ಒಂದಿದೆ. "ಬರೆಸಿದರೆ ರಾತ್ರಿ ಹನ್ನೊಂದಕ್ಕೆ ಕುಡಿದು ಫೋನ್ ಮಾಡುತ್ತಾರೆ. ನನ್ನದಲ್ಲದ ಕೆಲಸಕ್ಕೂ ನನಗೇ ಬೈಯುತ್ತಾರೆ. ಮನೆಯಲ್ಲಿ ಹೆಂಡತಿ ಮಕ್ಕಳಿಲ್ಲವೇ?" ಇದು ಸುಳ್ಳಲ್ಲ. ಒಬ್ಬ ಪಿಡಿಒ, ಒಬ್ಬ ಲೈನ್‌ಮನ್ ಹಲವು ಊರುಗಳನ್ನು ನೋಡಿಕೊಳ್ಳಬೇಕು. ಹೆಣ್ಣುಮಕ್ಕಳಾದ ಸಿಬ್ಬಂದಿಗೆ ಬರುವ ಕೆಟ್ಟ ಕರೆಗಳ ವಿಷಯವೂ ನಮಗೆ ಗೊತ್ತು. ನಾವು ಜನರೂ ನಂಬರನ್ನು ನಂಬರಿನಂತೆ ಬಳಸಬೇಕು. 108ಕ್ಕೆ ತಮಾಷೆಗೆ ಕರೆ ಮಾಡುವ ಹುಡುಗನ ಹಿಂದೆ ಒಂದು ಬಾಣಂತಿ ಕಾಯುತ್ತಿರಬಹುದು.

ಆದರೆ ಇದಕ್ಕೆ ಉತ್ತರ ನಂಬರ್ ಮುಚ್ಚಿಡುವುದಲ್ಲ. ಸ್ವಂತ ಮೊಬೈಲನ್ನು ಯಾರೂ ಕೇಳುತ್ತಿಲ್ಲ, ಹುದ್ದೆಗೊಂದು ನಂಬರ್ ಕೇಳುತ್ತಿದ್ದೇವೆ. ಪೊಲೀಸ್ ಇಲಾಖೆಯನ್ನು ನೋಡಿ. ಅಲ್ಲಿ 94808 ಎಂದು ಶುರುವಾಗುವ ನಂಬರ್ ಹುದ್ದೆಗೆ ಅಂಟಿಕೊಂಡಿರುತ್ತದೆ. ಪಿಎಸ್‌ಐ ವರ್ಗವಾಗಿ ಹೋದರೂ ಸಿಮ್ ಠಾಣೆಯಲ್ಲೇ ಉಳಿಯುತ್ತದೆ, ಬಂದ ಹೊಸಬರು ಅದನ್ನೇ ಎತ್ತುತ್ತಾರೆ. ಇದೇ ಪದ್ಧತಿ ಪ್ರತಿ ಪಂಚಾಯಿತಿಗೆ, ಪ್ರತಿ ರೈತ ಸಂಪರ್ಕ ಕೇಂದ್ರಕ್ಕೆ, ಪ್ರತಿ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಯಾಕೆ ಬರಬಾರದು? ವ್ಯಕ್ತಿಯ ನಂಬರ್ ವ್ಯಕ್ತಿಯ ಜೊತೆ ವರ್ಗವಾಗುತ್ತದೆ. ಅವರ ನಂತರ ಬಂದವರು ಯಾರು ಎಂದು ಕೇಳಲು ಜನ ಮತ್ತೆ 40 ಕಿಲೋಮೀಟರ್ ಬಸ್ ಹತ್ತಬೇಕಾಗುತ್ತದೆ. ಒಂದು ದಿನದ ಕೂಲಿ ಹೋಯಿತು.

ಗೋಡೆ ನಮ್ಮದು, ಬಣ್ಣ ಅವರದು

ಇದು ಯಾರೂ ಮಾಡಬೇಕಾದ ಉಪಕಾರವಲ್ಲ. 2005ರ ಮಾಹಿತಿ ಹಕ್ಕು ಕಾಯ್ದೆಯ ಸೆಕ್ಷನ್ 4(1)(ಬಿ) ಪ್ರಕಾರ ಪ್ರತಿ ಸರ್ಕಾರಿ ಕಚೇರಿ ತನ್ನ ಅಧಿಕಾರಿಗಳ ಮತ್ತು ನೌಕರರ ಡೈರೆಕ್ಟರಿಯನ್ನು, ಮಾಹಿತಿ ಅಧಿಕಾರಿಯ ಹೆಸರು ಹುದ್ದೆಯನ್ನು ತಾನಾಗಿಯೇ ಪ್ರಕಟಿಸಬೇಕು. ಯಾರೂ ಅರ್ಜಿ ಹಾಕದಿದ್ದರೂ ಪ್ರಕಟಿಸಬೇಕು. ಸ್ಥಳೀಯ ಭಾಷೆಯನ್ನೂ ಗಮನದಲ್ಲಿಟ್ಟು ಜನರಿಗೆ ತಲುಪಿಸಬೇಕು ಎಂದು ಅದೇ ಸೆಕ್ಷನ್ ಹೇಳುತ್ತದೆ. ಕಾಯ್ದೆ ಬಂದು ಎರಡು ದಶಕ ಆಯಿತು. ಬೀರುವಿನೊಳಗಿನ ಫೈಲಿನಲ್ಲಿ ಇಟ್ಟರೆ ಪ್ರಕಟಿಸಿದಂತಾಗುವುದಿಲ್ಲ.

ನಮ್ಮ ಬೇಡಿಕೆ ದೊಡ್ಡದೇನೂ ಅಲ್ಲ. ಪ್ರತಿ ಗ್ರಾಮ ಪಂಚಾಯಿತಿಯ ಹೊರಗೋಡೆಯ ಮೇಲೆ ಒಂದು ಬೋರ್ಡು. ಅದರಲ್ಲಿ ಇಲಾಖೆಯ ಹೆಸರಿಗಿಂತ ಮೊದಲು ಕಷ್ಟದ ಹೆಸರು: 'ಕರೆಂಟ್ ಹೋದರೆ', 'ಬೆಳೆ ಹಾಳಾದರೆ', 'ದನ ಮಲಗಿದರೆ', 'ರೊಕ್ಕ ಕಳುವಾದರೆ'. ಅದರ ಮುಂದೆ ನಂಬರ್, ಎಸ್‌ಟಿಡಿ ಕೋಡ್ ಸಮೇತ, ದೂರದಿಂದ ಕಾಣುವಷ್ಟು ದಪ್ಪಗೆ. ಕೆಳಗೆ ಒಂದು ಸಾಲು: ಈ ನಂಬರ್‌ಗಳನ್ನು ಇಂಥ ತಾರೀಖಿನಂದು ಹಚ್ಚಿ ನೋಡಲಾಗಿದೆ. ಈ ತಾರೀಖೇ ಮುಖ್ಯ. ತಾರೀಖಿಲ್ಲದ ಬೋರ್ಡಿಗೆ ವಯಸ್ಸು ಇರುವುದಿಲ್ಲ, ಸತ್ತಿದೆಯೋ ಬದುಕಿದೆಯೋ ಹೇಳಲಾಗದು.

ಗ್ರಾಮಸಭೆ ಆರು ತಿಂಗಳಿಗೊಮ್ಮೆಯಾದರೂ ನಡೆಯಲೇಬೇಕು ಎಂದು ನಮ್ಮ ಪಂಚಾಯತ್ ರಾಜ್ ಕಾಯ್ದೆ ಹೇಳುತ್ತದೆ. ಮುಂದಿನ ಸಭೆಯಲ್ಲಿ ಈ ಬೋರ್ಡಿನ ಮಾತೆತ್ತಿ, ನಡಾವಳಿ ಪುಸ್ತಕದಲ್ಲಿ ಬರೆಸಿ. ಆಗ ಅದು ಬಾಯಿಮಾತಾಗಿ ಉಳಿಯುವುದಿಲ್ಲ. ಕೇಳದಿದ್ದರೆ 10 ರೂಪಾಯಿಯ ಮಾಹಿತಿ ಹಕ್ಕು ಅರ್ಜಿ ಹಾಕಿ, ಸೆಕ್ಷನ್ 4ರ ಪ್ರಕಾರ ಪ್ರಕಟಿಸಿದ ಡೈರೆಕ್ಟರಿಯ ನಕಲು ಕೇಳಿ. ಬಿಪಿಎಲ್ ಕಾರ್ಡಿನವರಿಗೆ ಆ 10 ರೂಪಾಯಿಯೂ ಬೇಡ. 30 ದಿನದಲ್ಲಿ ಉತ್ತರ ಕೊಡಬೇಕು.

ಅಲ್ಲಿಯವರೆಗೆ ಓದು ಬಲ್ಲ ಮಕ್ಕಳಿಗೆ ಒಂದು ಕೆಲಸ. ಈ ಬರಹದಲ್ಲಿರುವ ನಂಬರ್‌ಗಳಲ್ಲಿ ನಿಮ್ಮ ಮನೆಗೆ ಬೇಕಾದ ಹತ್ತನ್ನು ಆರಿಸಿ, ಅಜ್ಜ ಅಜ್ಜಿಯ ಕೀಪ್ಯಾಡ್ ಫೋನಿನಲ್ಲಿ ಕನ್ನಡದ ಹೆಸರಿಟ್ಟು ಸೇವ್ ಮಾಡಿ. 'ಜೆಸ್ಕಾಂ' ಎಂದಲ್ಲ, 'ಕರೆಂಟ್' ಎಂದು. 'ಪಶುಪಾಲನಾ' ಎಂದಲ್ಲ, 'ದನದ ಡಾಕ್ಟರ್' ಎಂದು. ಓದಲು ಬಾರದವರಿದ್ದರೆ ಫೋನಿನ 1, 2, 3ನೇ ಗುಂಡಿಗೆ ಜೋಡಿಸಿಕೊಟ್ಟು, ಯಾವುದು ಯಾವುದಕ್ಕೆ ಎಂದು ಎರಡು ಸಲ ಬಾಯಿಪಾಠ ಮಾಡಿಸಿ. ನಂಬರ್ ಕೇಳಿಕೊಂಡು ಯಾರ ಮನೆಯ ಬಾಗಿಲಿಗೂ, ನಮ್ಮ ಬಾಗಿಲಿಗೂ, ನೀವು ಬರುವ ಅಗತ್ಯ ಇರಬಾರದು. ಸುದ್ದಿ ಇದ್ದರೆ ಮಾತ್ರ ಬನ್ನಿ, ಚಹಾ ಕುಡಿಯೋಣ.